ಮಿಖಾಯೆಲ್ ಬಾಲ್‌ಹೌಸ್ ಅವರ ಛಾಯಾಗ್ರಹಣ: ಯಾವ ಚಿತ್ರಗಳನ್ನು, ಯಾವ ಕ್ರಮದಲ್ಲಿ ನೋಡಬೇಕು?

ಬೆಳಕಿಂಡಿ:

ಎಲ್ಲರಿಗೂ ನಮಸ್ಕಾರ. ನಮ್ಮ ಚಿತ್ರವೀಕ್ಷಕರ ಬಳಗದಲ್ಲಿ ಇದುವರೆಗೆ ನಿರ್ದೇಶಕರ ಹೆಸರಿನಲ್ಲಿಯೇ ಚಿತ್ರಮಾಲಿಕೆಗಳನ್ನು ಏರ್ಪಡಿಸುತ್ತ ಬಂದಿದ್ದೇವೆ. ಈ ಸಲ ಒಬ್ಬ ಛಾಯಾಗ್ರಾಹಕರ ಕೆಲಸವನ್ನು ಮೊದಲಿನಿಂದ ಕೊನೆಯವರೆಗೆ ನೋಡೋಣವೆಂದು ಮಾತಾಗಿ, ಜರ್ಮನಿಯ ಮಿಖಾಯೆಲ್ ಬಾಲ್‌ಹೌಸ್ ಅವರನ್ನು ಆರಿಸಿಕೊಂಡಿದ್ದೇವೆ. ಇವರು 1935ರಲ್ಲಿ ಬರ್ಲಿನ್‌ನಲ್ಲಿ ಹುಟ್ಟಿದವರು. ತಂದೆತಾಯಿ ಇಬ್ಬರೂ ರಂಗನಟರು. ಯುದ್ಧದ ನಂತರ ದಕ್ಷಿಣ ಜರ್ಮನಿಯ ಫ್ರಾಂಕೋನಿಯಾದ ಹಳ್ಳಿಗಾಡಿನಲ್ಲಿ ನಾಟಕ ತಂಡವೊಂದನ್ನು ಕಟ್ಟಿ ನಡೆಸಿದವರು. ಬಾಲ್‌ಹೌಸ್ ಫೋಟೋಗ್ರಫಿ ಕಲಿತು, ಬಾಡೆನ್-ಬಾಡೆನ್ ನಗರದ ಟೆಲಿವಿಷನ್ ಕೇಂದ್ರದಲ್ಲಿ ಕ್ಯಾಮೆರಾ ಹಿಡಿದು, 1970ರಲ್ಲಿ ನಿರ್ದೇಶಕ ರೈನರ್ ವರ್ನರ್ ಫಾಸ್‌ಬಿಂಡರ್ ಅವರ ಜೊತೆ ಸೇರಿದರು. ಆ ದಶಕ ಮುಗಿಯುವುದರೊಳಗೆ ಅವರ ಹದಿನೈದರ ಆಸುಪಾಸಿನಷ್ಟು ಚಿತ್ರಗಳಿಗೆ ಛಾಯಾಗ್ರಹಣ ಮಾಡಿದರು. ಎಂಬತ್ತರ ದಶಕದಲ್ಲಿ ಅಮೆರಿಕಕ್ಕೆ ಹೋಗಿ ಮಾರ್ಟಿನ್ ಸ್ಕಾರ್ಸೆಸಿ ಅವರೊಡನೆ ಏಳು ಚಿತ್ರಗಳನ್ನೂ, ಕೊಪ್ಪೊಲಾ, ಮೈಕ್ ನಿಕೋಲ್ಸ್, ರಾಬರ್ಟ್ ರೆಡ್‌ಫರ್ಡ್ ಮುಂತಾದವರೊಡನೆ ಇನ್ನೂ ಹಲವನ್ನೂ ಮಾಡಿದರು.

ತೊಂದರೆ ಇರುವುದು ಇಲ್ಲಿ. ಬಾಲ್‌ಹೌಸ್ ಹೆಸರೆತ್ತಿದರೆ ಸಾಕು, ಎಲ್ಲರೂ ಪಾತ್ರಗಳ ಸುತ್ತ ಪೂರ್ತಿ ಒಂದು ಸುತ್ತು ಬರುವ ಅವರ ಕ್ಯಾಮೆರಾ ಚಲನೆಯನ್ನು ನೆನಪಿಸಿಕೊಂಡು ಅಲ್ಲಿಗೇ ನಿಂತುಬಿಡುತ್ತಾರೆ. ನಲವತ್ತು ವರ್ಷಕ್ಕೂ ಮೀರಿದ ದುಡಿಮೆಯನ್ನು ಒಂದೇ ಶಾಟ್‌ಗೆ ಇಳಿಸುವುದು ನನಗೆ ಸರಿಕಾಣುತ್ತಿಲ್ಲ. ಎಂಟು ಚಿತ್ರಗಳಿಗೆ ಅವಕಾಶವಿದೆ. ಯಾವುವನ್ನು ಆರಿಸಬೇಕು, ಯಾವ ಕ್ರಮದಲ್ಲಿ ತೋರಿಸಬೇಕು, ಏಕೆ ಎಂಬುದನ್ನು ದಯವಿಟ್ಟು ಕಾರಣಸಹಿತ ತಿಳಿಸಿ.

ತುಂಗಾತೀರ:

ಬೆಳಕಿಂಡಿಯವರೇ, ಆ ಸುತ್ತನ್ನು ದಾಟಿ ಹೋಗಬೇಕೆಂಬ ನಿಮ್ಮ ಆಸೆ ನನಗೆ ಅರ್ಥವಾಗುತ್ತದೆ. ಆದರೆ ಅದು ಎಲ್ಲಿಂದ ಬಂತು ಎಂಬುದನ್ನು ನೋಡದೆ ದಾಟಲಾಗದು. ಇಪ್ಪತ್ತರ ಹರೆಯದ ಬಾಲ್‌ಹೌಸ್, ಕುಟುಂಬದ ಪರಿಚಯದ ಬಲದಿಂದ, ಮಾಕ್ಸ್ ಒಫುಲ್ಸ್ ಅವರ ‘ಲೋಲಾ ಮೊಂಟೆಸ್’ ಚಿತ್ರದ ಸೆಟ್ಟಿಗೆ ಹೋಗಿ ಕೆಲವು ದಿನ ಚಿತ್ರೀಕರಣ ನೋಡಿದರು. 1955ರಲ್ಲಿ ಬಿಡುಗಡೆಯಾದ ಆ ಚಿತ್ರದಲ್ಲಿ ಸರ್ಕಸ್ಸಿನ ಅಂಗಳದ ನಡುವೆ ತಿರುಗುವ ವೇದಿಕೆಯ ಮೇಲೆ ನಾಯಕಿಯನ್ನು ಕೂರಿಸಿ, ಅವಳ ಸುತ್ತ ಕ್ಯಾಮೆರಾವನ್ನು ಓಡಿಸುವ ದೃಶ್ಯವಿದೆ. ಕಣ್ಣಿಗೆ ಹಬ್ಬವೆನಿಸುವ ಆ ಚಲನೆಯೊಳಗೇ ಒಬ್ಬ ಹೆಣ್ಣನ್ನು ಪ್ರದರ್ಶನದ ವಸ್ತುವಾಗಿಸಿ ಕಟ್ಟಿಹಾಕಿದ ಕ್ರೌರ್ಯವೂ ಇದೆ. ಛಾಯಾಗ್ರಾಹಕನೇ ಆಗಬೇಕೆಂದು ತಾವು ನಿಶ್ಚಯಿಸಿದ್ದು ಆ ಸೆಟ್ಟಿನಲ್ಲಿ ಎಂದು ಬಾಲ್‌ಹೌಸ್ ಮುಂದೆ ಹಲವು ಬಾರಿ ಹೇಳಿಕೊಂಡಿದ್ದಾರೆ.

ಈಗ 1974ರ ‘ಮಾರ್ಥಾ’ ನೋಡಿ. ರೋಮ್‌ನಲ್ಲಿ ತಂದೆಯನ್ನು ಕಳೆದುಕೊಂಡ ಮಾರ್ಥಾ ಜರ್ಮನ್ ರಾಯಭಾರ ಕಚೇರಿಯ ಅಂಗಳದಲ್ಲಿ ಟ್ಯಾಕ್ಸಿಯಿಂದ ಇಳಿದು ನಡೆಯುತ್ತಾಳೆ. ಎದುರಿನಿಂದ ಒಬ್ಬ ಗಂಡಸು ಬರುತ್ತಾನೆ. ಮುಂದೆ ಅವಳನ್ನು ಮದುವೆಯಾಗಿ ಹಂತಹಂತವಾಗಿ ಉಸಿರುಗಟ್ಟಿಸುವವನು ಅವನೇ. ಇಬ್ಬರೂ ಒಬ್ಬರನ್ನೊಬ್ಬರು ದಾಟುವ ಗಳಿಗೆಯಲ್ಲಿ ಕ್ಯಾಮೆರಾ ಅವರನ್ನು ಸುತ್ತುತ್ತದೆ. ಅಷ್ಟೇ ಆಗಿದ್ದರೆ ಅದೊಂದು ಅಂದದ ಶಾಟ್ ಆಗಿ ಉಳಿಯುತ್ತಿತ್ತು. ಪಾತ್ರಗಳೂ ತಮ್ಮ ತಮ್ಮಲ್ಲೇ ಒಂದು ಸುತ್ತು ತಿರುಗುತ್ತವೆ, ಮುಖಗಳು ಹತ್ತಿರ ಬಂದು ಒಂದು ಮಾತೂ ಇಲ್ಲದೆ ಬೇರಾಗುತ್ತವೆ. ಕೆಲವೇ ಸೆಕೆಂಡುಗಳ ಕಾಲ ನೋಡುವವರಿಗೆ ದಿಕ್ಕೇ ತಪ್ಪುತ್ತದೆ. ಫಾಸ್‌ಬಿಂಡರ್ ಮೊದಲು ಅರ್ಧ ಸುತ್ತನ್ನಷ್ಟೇ ಯೋಚಿಸಿದ್ದರು, ಪೂರ್ತಿ ಸುತ್ತೋಣವೆಂದು ಸೂಚಿಸಿದವರು ಬಾಲ್‌ಹೌಸ್. ಮಾರ್ಥಾಳ ಮುಂದಿನ ಬದುಕೆಲ್ಲ ಆ ವೃತ್ತದೊಳಗೆ ಸಿಕ್ಕಿಕೊಂಡಿದೆ ಎಂಬುದು ಚಿತ್ರ ಮುಗಿದ ಮೇಲೆ ಹೊಳೆಯುತ್ತದೆ. ಆದ್ದರಿಂದ ನನ್ನ ಮೊದಲ ಮತ ‘ಮಾರ್ಥಾ’ಗೆ. ಕಥೆಯ ಹಕ್ಕಿನ ತಕರಾರಿನಿಂದಾಗಿ ಈ ಚಿತ್ರ ಬಹುಕಾಲ ಜನರ ಕಣ್ಣಿಗೆ ಬೀಳದೆ ಉಳಿದಿತ್ತು ಎಂಬುದೂ ಅದನ್ನು ತೋರಿಸಲು ಒಂದು ಕಾರಣ.

ಕಾಜಾಣ:

ಒಂದು ವ್ಯಾವಹಾರಿಕ ಪ್ರಶ್ನೆ. ಬರುವವರಲ್ಲಿ ಹೆಚ್ಚಿನವರಿಗೆ ಸ್ಕಾರ್ಸೆಸಿ ಚಿತ್ರಗಳು ಗೊತ್ತು, ಫಾಸ್‌ಬಿಂಡರ್ ಅಷ್ಟಾಗಿ ಗೊತ್ತಿಲ್ಲ. ‘ಗುಡ್‌ಫೆಲ್ಲಾಸ್’, ‘ದಿ ಡಿಪಾರ್ಟೆಡ್’ ಇಂಥವುಗಳಿಂದ ಆರಂಭಿಸಿದರೆ ಜನ ಉಳಿಯುತ್ತಾರೆ. ಎಪ್ಪತ್ತರ ದಶಕದ ಜರ್ಮನ್ ಚಿತ್ರಗಳನ್ನು ಒಂದೆರಡಕ್ಕೆ ಸೀಮಿತಗೊಳಿಸಬಹುದಲ್ಲವೇ?

ಕತ್ತರಿಮೇಜು:

ಕಾಜಾಣ ಅವರೇ, ಹಾಗೆ ಮಾಡಿದರೆ ಸ್ಕಾರ್ಸೆಸಿ ಇವರನ್ನು ಏಕೆ ಕರೆದರು ಎಂಬುದೇ ತಿಳಿಯದೆ ಹೋಗುತ್ತದೆ. ನಾನು ಸಂಕಲನದ ಕೆಲಸ ಮಾಡುವವಳು. ನನ್ನ ಕಣ್ಣಿಗೆ ಬಾಲ್‌ಹೌಸ್ ಅವರ ವೃತ್ತಿಜೀವನದ ಬೆನ್ನೆಲುಬು ಅವರ ವೇಗ. ಅದನ್ನು ಅವರು ಕಲಿತದ್ದು ಫಾಸ್‌ಬಿಂಡರ್ ಬಳಿಯ ಹಣವಿಲ್ಲದ ದಿನಗಳಲ್ಲಿ.

‘ದಿ ಬಿಟರ್ ಟಿಯರ್ಸ್ ಆಫ್ ಪೆಟ್ರಾ ಫಾನ್ ಕಾಂಟ್’ 1972ರ ಚಿತ್ರ. ಎರಡು ಗಂಟೆಗೂ ಮಿಕ್ಕಿದ ಅವಧಿ, ಇಡೀ ಕಥೆ ನಡೆಯುವುದು ಒಂದೇ ಕೋಣೆಯಲ್ಲಿ, ಚಿತ್ರೀಕರಣಕ್ಕೆ ತಗುಲಿದ್ದು ಹತ್ತು ದಿನ. ಹತ್ತು ದಿನದಲ್ಲಿ ಮುಗಿಸಬೇಕಾದವರು ಸಾಮಾನ್ಯವಾಗಿ ಕ್ಯಾಮೆರಾವನ್ನು ಒಂದೆಡೆ ನಿಲ್ಲಿಸಿ, ಮಾತನಾಡುವವರ ಮುಖವನ್ನು ಒಂದಾದ ಮೇಲೊಂದರಂತೆ ತೆಗೆದು, ಉಳಿದ ಹೊರೆಯನ್ನು ಸಂಕಲನಕಾರರ ಮೇಲೆ ಹಾಕುತ್ತಾರೆ. ಬಾಲ್‌ಹೌಸ್ ಮತ್ತು ಫಾಸ್‌ಬಿಂಡರ್ ಇದಕ್ಕೆ ವಿರುದ್ಧವಾದ ದಾರಿ ಹಿಡಿದರು. ಒಂದು ಉದ್ದನೆಯ ಟೇಕ್‌ನಲ್ಲಿ ಕ್ಯಾಮೆರಾ ಮೆಲ್ಲಗೆ ಸರಿಯುತ್ತ ಮೂರು ನಾಲ್ಕು ಚೌಕಟ್ಟುಗಳನ್ನು ತಾನೇ ಕಟ್ಟಿಕೊಡುತ್ತದೆ: ಮಂಚದ ಮೇಲೆ ವಸ್ತ್ರವಿನ್ಯಾಸಕಿ ಪೆಟ್ರಾ, ಹಿಂದಿನ ಗೋಡೆಯ ತುಂಬ ಫ್ರೆಂಚ್ ಕಲಾವಿದ ಪೂಸಾಂ ಅವರ ಬೃಹತ್ ವರ್ಣಚಿತ್ರದ ಪ್ರತಿ, ಮುಂದೆ ಬಟ್ಟೆ ತೊಡಿಸುವ ಬೊಂಬೆಗಳು, ಮೂಲೆಯಲ್ಲಿ ಟೈಪ್ ಮಾಡುತ್ತಿರುವ, ಇಡೀ ಚಿತ್ರದಲ್ಲಿ ಒಂದೂ ಮಾತಾಡದ ಸಹಾಯಕಿ ಮಾರ್ಲೀನ್. ಹೀಗೆ ತೆಗೆದಾಗ ಬೆಳಕನ್ನು ಪದೇ ಪದೇ ಬದಲಾಯಿಸಬೇಕಾಗಿಲ್ಲ, ಸಮಯ ಉಳಿಯುತ್ತದೆ. ಕೋಣೆಯೊಳಗಿನ ಅಧಿಕಾರದ ಸಂಬಂಧಗಳು ಕತ್ತರಿಯ ಹಂಗಿಲ್ಲದೆ ಕಾಣುತ್ತವೆ. ಬಡತನಕ್ಕೆ ಕಂಡುಕೊಂಡ ಉಪಾಯವೇ ಶೈಲಿಯಾಗಿ ನೆಲೆನಿಂತದ್ದು ಹೀಗೆ.

ಈಗ 1983ರ ನ್ಯೂಯಾರ್ಕಿಗೆ ಬನ್ನಿ. ಸ್ಕಾರ್ಸೆಸಿ ಬಹುಕಾಲದಿಂದ ಹಂಬಲಿಸಿದ್ದ ‘ದಿ ಲಾಸ್ಟ್ ಟೆಂಪ್ಟೇಷನ್ ಆಫ್ ಕ್ರೈಸ್ಟ್’ ಚಿತ್ರವನ್ನು ಪ್ಯಾರಾಮೌಂಟ್ ಸಂಸ್ಥೆ ಚಿತ್ರೀಕರಣ ಶುರುವಾಗುವ ಹೊತ್ತಿಗೆ ಕೈಬಿಟ್ಟಿತ್ತು. ದೊಡ್ಡ ಬಂಡವಾಳದ ಬಾಗಿಲು ಮುಚ್ಚಿತ್ತು. ಆಗ ಅವರು ಕೈಗೆತ್ತಿಕೊಂಡದ್ದು ಸೋಹೋ ಬಡಾವಣೆಯಲ್ಲಿ ಒಂದೇ ರಾತ್ರಿ ನಡೆಯುವ ‘ಆಫ್ಟರ್ ಅವರ್ಸ್’ ಎಂಬ ಸಣ್ಣ ಚಿತ್ರ. ಬಂಡವಾಳ ಸುಮಾರು 45 ಲಕ್ಷ ಡಾಲರ್. ರಾತ್ರಿ ಮಾತ್ರ ಚಿತ್ರೀಕರಣ, ದಿನಗಳು ಕಡಿಮೆ, ಆದರೆ ಸ್ಕಾರ್ಸೆಸಿ ಬರೆದಿಟ್ಟುಕೊಂಡಿದ್ದ ಶಾಟ್‌ಗಳು ಯಥೇಚ್ಛ. ಇಷ್ಟನ್ನೂ ಇಷ್ಟರಲ್ಲೇ ಮುಗಿಸಬಲ್ಲವರು ಬೇಕಿತ್ತು. ಬಾಲ್‌ಹೌಸ್ ಮುಗಿಸಿಕೊಟ್ಟರು. ಆ ಚಿತ್ರ 1986ರಲ್ಲಿ ಕಾನ್ ಉತ್ಸವದಲ್ಲಿ ಸ್ಕಾರ್ಸೆಸಿ ಅವರಿಗೆ ಉತ್ತಮ ನಿರ್ದೇಶಕ ಪ್ರಶಸ್ತಿ ತಂದಿತು. ಚಿತ್ರ ಮಾಡುವ ಹುರುಪನ್ನು ತಮಗೆ ಮರಳಿ ಕೊಟ್ಟವರು ಬಾಲ್‌ಹೌಸ್ ಎಂದು ಅವರ ನಿಧನದ ಸಂದರ್ಭದಲ್ಲಿ ಸ್ಕಾರ್ಸೆಸಿ ಮನಸಾರೆ ನೆನೆದಿದ್ದರು. ಮುಂದೆ ‘ಲಾಸ್ಟ್ ಟೆಂಪ್ಟೇಷನ್’ ಮೊರಾಕ್ಕೊದಲ್ಲಿ ಮೊದಲು ಎಣಿಸಿದ್ದಕ್ಕಿಂತ ತೀರ ಕಡಿಮೆ ಹಣದಲ್ಲಿ ಸಾಧ್ಯವಾದದ್ದೂ ಈ ಜೋಡಿಯ ವೇಗದಿಂದಲೇ.

ಆದ್ದರಿಂದ ‘ಪೆಟ್ರಾ ಫಾನ್ ಕಾಂಟ್’ ಮತ್ತು ‘ಆಫ್ಟರ್ ಅವರ್ಸ್’ ಎರಡನ್ನೂ ಒಂದರ ಬೆನ್ನಿಗೆ ಇನ್ನೊಂದನ್ನು ತೋರಿಸಿ. ಒಂದು ಇಡಿಯಾಗಿ ಒಳಾಂಗಣ, ಇನ್ನೊಂದು ಊರೆಲ್ಲ ಅಲೆದಾಟ. ಎರಡರ ಹಿಂದೆಯೂ ಇರುವ ಕೈ ಒಂದೇ ಎಂಬುದು ತಾನಾಗಿ ತಿಳಿಯುತ್ತದೆ.

ಪರದೆಯಾಚೆ:

ಕತ್ತರಿಮೇಜು ಅವರ ಮಾತಿಗೆ ನನ್ನದೊಂದು ಜೋಡಣೆ. ನಾನು ರಂಗಭೂಮಿಯವಳಾದ್ದರಿಂದ ಇದನ್ನು ಹೇಳಲೇಬೇಕು. ನಟರ ಮನೆಯಲ್ಲಿ ಬೆಳೆದವರು ಬಾಲ್‌ಹೌಸ್. ತಾಲೀಮು ಹೇಗೆ ನಡೆಯುತ್ತದೆ, ನಟಿಯೊಬ್ಬಳು ಒಂದು ಭಾವದ ತುದಿಗೆ ಬಂದು ನಿಂತಾಗ ಸುತ್ತಲಿನವರು ಎಷ್ಟು ಎಚ್ಚರದಿಂದಿರಬೇಕು ಎಂಬುದನ್ನು ಅವರು ಬಾಲ್ಯದಿಂದಲೇ ಕಂಡವರು. ಬೆಳಕಿನ ವ್ಯವಸ್ಥೆಗೆಂದು ನಟರನ್ನು ಗಂಟೆಗಟ್ಟಲೆ ಕಾಯಿಸದಿರುವುದು ನನ್ನ ದೃಷ್ಟಿಯಲ್ಲಿ ಬಂಡವಾಳ ಉಳಿಸುವ ಲೆಕ್ಕಾಚಾರಕ್ಕಿಂತ ದೊಡ್ಡದು, ಅದು ಅಭಿನಯಕ್ಕೆ ಸಲ್ಲಿಸುವ ಗೌರವ.

1989ರ ‘ದಿ ಫ್ಯಾಬ್ಯುಲಸ್ ಬೇಕರ್ ಬಾಯ್ಸ್’ ಚಿತ್ರದಲ್ಲಿ ಹೊಸ ವರ್ಷದ ಹಿಂದಿನ ರಾತ್ರಿ ಮಿಶೆಲ್ ಫೈಫರ್ ಕೆಂಪು ಉಡುಪಿನಲ್ಲಿ ಪಿಯಾನೋದ ಮೇಲೇರಿ ಹಾಡುವ ದೃಶ್ಯವನ್ನು ಬಹಳ ಜನ ನೋಡಿರುತ್ತಾರೆ. ಅಲ್ಲಿಯೂ ಕ್ಯಾಮೆರಾ ಸುತ್ತುತ್ತದೆ. ಆದರೆ ‘ಮಾರ್ಥಾ’ದ ಸುತ್ತಿಗೂ ಇದಕ್ಕೂ ಇರುವ ಅಂತರವನ್ನು ಗಮನಿಸಬೇಕು. ಅಲ್ಲಿ ಚಲನೆ ಹಠಾತ್ತನೆ ಬಂದು ಎಳೆದೊಯ್ಯುತ್ತದೆ. ಇಲ್ಲಿ ಅದು ಹಾಡಿನ ಉಸಿರಿಗೆ ತಕ್ಕಂತೆ ನಿಧಾನವಾಗಿ ಸಾಗುತ್ತದೆ. ಹಾಡುವವಳು ಮತ್ತು ಪಿಯಾನೋ ನುಡಿಸುವವನ ನಡುವೆ ಏನೋ ಬದಲಾಗುತ್ತಿದೆ ಎಂಬುದು ಅವರಿಬ್ಬರಿಗೂ ತಿಳಿಯುವ ಮೊದಲೇ ನಮಗೆ ತಿಳಿಯುತ್ತದೆ. ಫೈಫರ್ ಅವರಿಗೆ ಎಲ್ಲಿಯೂ ಕ್ಯಾಮೆರಾಕ್ಕಾಗಿ ನಿಲ್ಲಬೇಕಾದ ಒತ್ತಡವಿಲ್ಲ. ಅವರು ಹೊರಳಿದ ಕಡೆ ಅದೂ ಹೋಗುತ್ತದೆ. ‘ಮಾರ್ಥಾ’ ಆದ ಮೇಲೆ ಇದನ್ನು ನೋಡಿದರೆ ಒಂದೇ ಚಲನೆ ಎಷ್ಟು ಬೇರೆ ಬೇರೆ ಅರ್ಥ ಕೊಡಬಲ್ಲದು ಎಂದು ಸ್ಪಷ್ಟವಾಗುತ್ತದೆ.

ಹಳೆ ಪ್ರೊಜೆಕ್ಟರ್:

ಇಲ್ಲಿಯವರೆಗಿನ ಮಾತುಗಳಲ್ಲಿ ಮೆಚ್ಚುಗೆಯೇ ಹೆಚ್ಚಾಗಿರುವುದರಿಂದ, ಒಂದು ಆಕ್ಷೇಪವನ್ನೂ ದಾಖಲಿಸುತ್ತೇನೆ. ಅಮೆರಿಕಕ್ಕೆ ಹೋದ ಮೇಲೆ ಬಾಲ್‌ಹೌಸ್ ಅವರು ಒಪ್ಪಿಕೊಂಡ ಚಿತ್ರಗಳ ಪಟ್ಟಿಯನ್ನು ಪೂರ್ತಿಯಾಗಿ ನೋಡಿ. ‘ಔಟ್‌ಬ್ರೇಕ್’, ‘ಏರ್ ಫೋರ್ಸ್ ಒನ್’, ‘ವೈಲ್ಡ್ ವೈಲ್ಡ್ ವೆಸ್ಟ್’. ಫಾಸ್‌ಬಿಂಡರ್ ಅವರ ‘ಚೈನೀಸ್ ರೂಲೆಟ್’ ತೆಗೆದ ಕಣ್ಣು ಈ ಚಿತ್ರಗಳಲ್ಲಿ ಎಲ್ಲಿದೆ? ಹಳ್ಳಿಯ ಬಂಗಲೆಯೊಂದರಲ್ಲಿ ಎಂಟು ಜನರನ್ನು ಕೂಡಿಹಾಕಿ, ಗಾಜಿನ ಕಪಾಟುಗಳು, ಕನ್ನಡಿಗಳು, ಕಿಟಕಿಗಳ ನಡುವೆ ಕ್ಯಾಮೆರಾವನ್ನು ನುಸುಳಿಸುತ್ತ, ಒಬ್ಬರ ಮುಖದ ಮೇಲೆ ಇನ್ನೊಬ್ಬರ ಪ್ರತಿಬಿಂಬ ಬೀಳುವಂತೆ ಮಾಡಿ, ಯಾರು ಯಾರಿಗೆ ಸುಳ್ಳು ಹೇಳುತ್ತಿದ್ದಾರೆಂದು ಬರೀ ಚೌಕಟ್ಟಿನಿಂದಲೇ ತೋರಿಸಿದ ಚಿತ್ರ ಅದು. 1976ರಲ್ಲಿ ಅದನ್ನು ತೆಗೆದದ್ದು ಬಾಲ್‌ಹೌಸ್ ಕುಟುಂಬದ್ದೇ ಆದ ಫ್ರಾಂಕೋನಿಯಾದ ಮನೆಯಲ್ಲಿ. ಆ ಧೈರ್ಯದ ಪ್ರಯೋಗ ಹಾಲಿವುಡ್ಡಿನಲ್ಲಿ ಸವೆದು, ಯಾವ ಕಥೆಗಾದರೂ ಹೊಂದುವ ನುಣುಪು ಮಾತ್ರ ಉಳಿಯಿತು ಎಂಬುದು ನನ್ನ ಅನಿಸಿಕೆ. ಅಮೆರಿಕದ ಚಿತ್ರಗಳಲ್ಲಿ ಸ್ಕಾರ್ಸೆಸಿ ಅವರವನ್ನು ಹೊರತುಪಡಿಸಿ ನಾನು ಮತ ಹಾಕುವುದು ಒಂದಕ್ಕೆ ಮಾತ್ರ: 1992ರ ಕೊಪ್ಪೊಲಾ ನಿರ್ದೇಶನದ ‘ಡ್ರಾಕುಲಾ’.

ಏಕೆಂದರೆ ಆ ಹೊತ್ತಿಗೆ ಕಂಪ್ಯೂಟರ್ ಚಿತ್ರಿಕೆಗಳು ಕಾಲಿಡತೊಡಗಿದ್ದರೂ ಕೊಪ್ಪೊಲಾ ಅವನ್ನು ಬೇಡವೆಂದು ಬದಿಗಿಟ್ಟು, ಮೂಕಿಚಿತ್ರಗಳ ಕಾಲದ ತಂತ್ರಗಳನ್ನೇ ಬಳಸಬೇಕೆಂದು ಹಟ ಹಿಡಿದರು. ಒಂದೇ ಫಿಲ್ಮನ್ನು ಹಿಂದಕ್ಕೆ ಸುತ್ತಿ ಎರಡು ಸಲ ಬೆಳಕಿಗೊಡ್ಡುವುದು, ಸಣ್ಣ ಮಾದರಿಗಳು, ಹಿಂಬದಿಯ ಪರದೆಯ ಮೇಲೆ ಬಿಂಬ ಹಾಯಿಸುವುದು, ಒಡೆಯನಿಂದ ಬೇರ್ಪಟ್ಟು ತಾನೇ ಚಲಿಸುವ ನೆರಳು. ಲಂಡನ್ನಿನ ಬೀದಿಯ ದೃಶ್ಯಕ್ಕೆ ಕೈಯಿಂದ ತಿರುಗಿಸುವ ಹಳೆಯ ಪಾಥೆ ಕ್ಯಾಮೆರಾವನ್ನೇ ಬಳಸಿದರು. ಜರ್ಮನಿಯಲ್ಲಿ 1922ರಲ್ಲಿ ಫ್ರಿಟ್ಜ್ ಆರ್ನೋ ವಾಗ್ನರ್ ‘ನೋಸ್‌ಫೆರಾಟು’ ಚಿತ್ರದಲ್ಲಿ ಗೋಡೆಯ ಮೇಲೆ ಹತ್ತಿಸಿದ ಆ ನೆರಳು, ಎಪ್ಪತ್ತು ವರ್ಷದ ನಂತರ ಇನ್ನೊಬ್ಬ ಜರ್ಮನ್ ಛಾಯಾಗ್ರಾಹಕರ ಕೈಯಲ್ಲಿ ಕ್ಯಾಲಿಫೋರ್ನಿಯಾದ ಸ್ಟುಡಿಯೋದೊಳಗೆ ಮತ್ತೆ ಎದ್ದಿತು.

ತುಂಗಾತೀರ:

ಹಳೆ ಪ್ರೊಜೆಕ್ಟರ್ ಅವರೇ, ‘ಡ್ರಾಕುಲಾ’ ಕುರಿತು ನಿಮ್ಮೊಡನೆ ನನಗೆ ಪೂರ್ಣ ಸಹಮತವಿದೆ. ಸವೆದುಹೋದರು ಎಂಬ ತೀರ್ಪನ್ನು ಒಪ್ಪಲಾರೆ. ‘ಔಟ್‌ಬ್ರೇಕ್’ ಮತ್ತು ‘ಏರ್ ಫೋರ್ಸ್ ಒನ್’ ಎರಡರ ನಿರ್ದೇಶಕರೂ ವೋಲ್ಫ್‌ಗಾಂಗ್ ಪೀಟರ್ಸನ್. ಬರ್ಲಿನ್‌ನ ಚಲನಚಿತ್ರ ಅಕಾಡೆಮಿ 1966ರಲ್ಲಿ ಬಾಗಿಲು ತೆರೆದಾಗ ಸೇರಿದ ಮೊದಲ ತಂಡದ ವಿದ್ಯಾರ್ಥಿ ಅವರು. ಅದೇ ಶಾಲೆಯಲ್ಲಿ ಆ ದಶಕದ ಕೊನೆಗೆ ಪಾಠ ಹೇಳಿದವರು ಬಾಲ್‌ಹೌಸ್. ಹೀಗಿರುವಾಗ ಆ ಚಿತ್ರಗಳನ್ನು ಹಣಕ್ಕಾಗಿ ಒಪ್ಪಿಕೊಂಡ ಕೆಲಸವೆಂದು ತಳ್ಳಿಹಾಕುವುದು ಅವಸರದ ಮಾತಾಗುತ್ತದೆ. ಓಡಾಡಲು ಜಾಗವಿಲ್ಲದ ವಿಮಾನದೊಳಗಿನ ಓಣಿಗಳಲ್ಲಿ ಯಾರು ಎಲ್ಲಿದ್ದಾರೆಂದು ಪ್ರೇಕ್ಷಕರಿಗೆ ಒಂದು ಕ್ಷಣವೂ ಗೊಂದಲವಾಗದಂತೆ ತೋರಿಸುವುದಕ್ಕೂ ಪಳಗಿದ ಕೈ ಬೇಕು.

ಮೈಕ್ ನಿಕೋಲ್ಸ್ ಅವರ 1988ರ ‘ವರ್ಕಿಂಗ್ ಗರ್ಲ್’ ಚಿತ್ರದ ಮೊದಲ ಶಾಟ್ ನೆನಪಿಸಿಕೊಳ್ಳಿ. ಹೆಲಿಕಾಪ್ಟರಿನಲ್ಲಿದ್ದ ಕ್ಯಾಮೆರಾ ಲಿಬರ್ಟಿ ಪ್ರತಿಮೆಯ ಮುಖದಿಂದ ಹೊರಟು ಅದನ್ನು ಸುತ್ತಿ, ಮ್ಯಾನ್‌ಹಟನ್ನಿನ ಗೋಪುರಗಳತ್ತ ಹೊರಳಿ, ಸ್ಟೇಟನ್ ಐಲೆಂಡಿನಿಂದ ದಿನವೂ ಕೆಲಸಕ್ಕೆ ಹೋಗುವವರನ್ನು ಹೊತ್ತ ದೋಣಿಯತ್ತ ಇಳಿಯುತ್ತದೆ. ಒಂದು ಊರಿನ ಕನಸು ಮತ್ತು ಆ ಕನಸಿಗಾಗಿ ಬೆಳಗ್ಗೆ ಬೇಗನೆದ್ದು ಹೊರಡುವ ಗುಮಾಸ್ತ ಹುಡುಗಿಯರು ಒಂದೇ ಚಲನೆಯಲ್ಲಿ ಕೂಡಿಕೊಳ್ಳುತ್ತಾರೆ. ಜನಪ್ರಿಯ ಚಿತ್ರ ಎಂಬ ಕಾರಣಕ್ಕೆ ಇದನ್ನು ಕಡೆಗಣಿಸುವುದು ತರವಲ್ಲ.

ಕಾಜಾಣ:

ಆಸ್ಕರ್ ಏಕೆ ಬರಲಿಲ್ಲ?

ಹಳೆ ಪ್ರೊಜೆಕ್ಟರ್:

ಮೂರು ಬಾರಿ ನಾಮನಿರ್ದೇಶನಗೊಂಡಿದ್ದರು. ‘ಬ್ರಾಡ್‌ಕಾಸ್ಟ್ ನ್ಯೂಸ್’ಗೆ ಬಂದಾಗ ಪ್ರಶಸ್ತಿ ‘ದಿ ಲಾಸ್ಟ್ ಎಂಪರರ್’ ಚಿತ್ರದ ವಿಟ್ಟೋರಿಯೋ ಸ್ಟೊರಾರೊ ಅವರ ಪಾಲಾಯಿತು. ‘ಬೇಕರ್ ಬಾಯ್ಸ್’ ಬಂದಾಗ ‘ಗ್ಲೋರಿ’ಯ ಫ್ರೆಡ್ಡಿ ಫ್ರಾನ್ಸಿಸ್ ಗೆದ್ದರು. ‘ಗ್ಯಾಂಗ್ಸ್ ಆಫ್ ನ್ಯೂಯಾರ್ಕ್’ ಬಂದಾಗ ‘ರೋಡ್ ಟು ಪರ್ಡಿಷನ್’ ಚಿತ್ರಕ್ಕಾಗಿ ಕಾನ್ರಾಡ್ ಹಾಲ್ ಅವರಿಗೆ ಮರಣೋತ್ತರವಾಗಿ ಸಂದಿತು. ಇವರಲ್ಲಿ ಯಾರ ಗೆಲುವನ್ನೂ ಅನ್ಯಾಯವೆನ್ನಲಾಗದು. ನನಗೆ ಅನ್ಯಾಯವೆನಿಸುವುದು ಬೇರೆ: ‘ಗುಡ್‌ಫೆಲ್ಲಾಸ್’ ಮತ್ತು ‘ದಿ ಏಜ್ ಆಫ್ ಇನೊಸೆನ್ಸ್’ ಎರಡಕ್ಕೂ ಛಾಯಾಗ್ರಹಣ ವಿಭಾಗದಲ್ಲಿ ನಾಮನಿರ್ದೇಶನ ಕೂಡ ಆಗಲಿಲ್ಲ.

ಕತ್ತರಿಮೇಜು:

‘ಗುಡ್‌ಫೆಲ್ಲಾಸ್’ ಪ್ರಸ್ತಾಪ ಬಂದದ್ದು ಒಳ್ಳೆಯದಾಯಿತು. ಕೋಪಕಬಾನ ಕ್ಲಬ್ಬಿನ ಆ ಮೂರು ನಿಮಿಷದಷ್ಟು ಉದ್ದದ ಶಾಟ್ ಬಗ್ಗೆ ಮಾತನಾಡುವಾಗ ಯಾರ ಕೆಲಸ ಎಲ್ಲಿಂದ ಎಲ್ಲಿಯವರೆಗೆ ಎಂಬುದನ್ನು ಸ್ಪಷ್ಟಪಡಿಸಿಕೊಳ್ಳಬೇಕು. ನಡೆಯುವಾಗಲೂ ಬಿಂಬ ಅಲುಗದಂತೆ ಕ್ಯಾಮೆರಾ ಹಿಡಿಯುವ ಸ್ಟೆಡಿಕ್ಯಾಮನ್ನು ಮೈಗೆ ಕಟ್ಟಿಕೊಂಡು, ನಾಯಕ ಹೆನ್ರಿ ಮತ್ತು ಅವನ ಗೆಳತಿ ಕ್ಯಾರೆನ್ ಅವರ ಬೆನ್ನ ಹಿಂದೆ ಬೀದಿಯಿಂದ ಮೆಟ್ಟಿಲಿಳಿದು, ಓಣಿಗಳನ್ನು ದಾಟಿ, ಅಡುಗೆಮನೆಯನ್ನು ಬಳಸಿಕೊಂಡು, ವೇದಿಕೆಯ ಮುಂದೆ ಮೇಜು ತಂದಿಡುವವರೆಗೆ ನಡೆದವರು ಲ್ಯಾರಿ ಮಕಾಂಕಿ. ಆ ನಡಿಗೆಯ ಲಯ, ಎಲ್ಲಿ ಹಿಂದುಳಿಯಬೇಕು, ಎಲ್ಲಿ ಸಮೀಪಿಸಬೇಕು ಎಂಬ ತೀರ್ಮಾನಗಳಲ್ಲಿ ಅವರ ಪಾಲು ದೊಡ್ಡದು. ದಾರಿಯುದ್ದಕ್ಕೂ ಹೊರಗಿನ ರಾತ್ರಿ, ಕೆಳಗಿನ ಓಣಿ, ಅಡುಗೆಮನೆ, ಮಬ್ಬುಗತ್ತಲ ಸಭಾಂಗಣ ಎಂದು ಬೆಳಕಿನ ಪ್ರಮಾಣವೇ ಬದಲಾಗುತ್ತ ಹೋಗುವಾಗ, ಮಧ್ಯೆ ಎಲ್ಲಿಯೂ ಕ್ಯಾಮೆರಾ ನಿಲ್ಲಿಸದೆ, ಯಾವ ದೀಪದ ಕಂಬವೂ ಚೌಕಟ್ಟಿನೊಳಗೆ ಬಾರದಂತೆ, ಮುಖಗಳು ಎಲ್ಲಿಯೂ ಮಸುಕಾಗದಂತೆ ಬೆಳಕನ್ನು ಹೊಂದಿಸಿಟ್ಟದ್ದು ಬಾಲ್‌ಹೌಸ್ ಅವರ ಕೆಲಸ. ಜರ್ಮನಿಯಲ್ಲಿ ಕ್ಯಾಮೆರಾವನ್ನು ತಾವೇ ನಿರ್ವಹಿಸಿದವರು, ಅಮೆರಿಕದಲ್ಲಿ ಅಲ್ಲಿನ ಕಸುಬಿನ ವಿಭಜನೆಗೆ ತಕ್ಕಂತೆ ಆ ಕೈಚಳಕವನ್ನು ಇನ್ನೊಬ್ಬರಿಗೆ ಒಪ್ಪಿಸಿ, ತಾವು ಬೆಳಕು ಮತ್ತು ಒಟ್ಟು ಯೋಜನೆಯನ್ನು ನೋಡಿಕೊಳ್ಳಬೇಕಾಯಿತು. ಐವತ್ತರ ಅಂಚಿನಲ್ಲಿ ಈ ಬದಲಾವಣೆಗೆ ಹೊಂದಿಕೊಂಡದ್ದು ಸಣ್ಣ ಸಂಗತಿಯಲ್ಲ.

ಅದೇ ಚಿತ್ರದ ಕೊನೆಯ ಭಾಗದ ಹೋಟೆಲ್ ದೃಶ್ಯವನ್ನೂ ತಪ್ಪದೆ ಚರ್ಚಿಸಿ. ಕಿಟಕಿಯ ಪಕ್ಕ ಹೆನ್ರಿ ಮತ್ತು ಜಿಮ್ಮಿ ಎದುರುಬದುರು ಕುಳಿತಿದ್ದಾರೆ. ಕ್ಯಾಮೆರಾ ಒಂದು ದಿಕ್ಕಿಗೆ ಚಲಿಸುವಾಗಲೇ ಜೂಮ್ ಅದರ ವಿರುದ್ಧ ದಿಕ್ಕಿಗೆ ಕೆಲಸ ಮಾಡುವುದರಿಂದ, ಇಬ್ಬರೂ ಇದ್ದಲ್ಲಿಯೇ ಇದ್ದಂತೆ ಕಂಡು, ಕಿಟಕಿಯಾಚೆಗಿನ ಬೀದಿ ಮಾತ್ರ ನಿಧಾನವಾಗಿ ಅವರ ಮೇಲೆ ಒತ್ತಿಬರುತ್ತದೆ. ಗೆಳೆಯ ತನ್ನನ್ನು ಕೊಲ್ಲಿಸಲಿದ್ದಾನೆ ಎಂಬ ಅರಿವು ಹೆನ್ರಿಗೆ ಮೂಡುವುದು ಆಗಲೇ. ಈ ತಂತ್ರವನ್ನು ಬಳಸಿದವರು ಅನೇಕರಿದ್ದಾರೆ, ಆದರೆ ಹೆಚ್ಚಿನವರು ಅದನ್ನು ಒಂದು ಗಕ್ಕನೆಯ ಆಘಾತಕ್ಕೆ ಬಳಸುತ್ತಾರೆ. ಇಲ್ಲಿ ಅದು ಎಷ್ಟು ನಿಧಾನವಾಗಿದೆಯೆಂದರೆ ಮೊದಲ ನೋಟದಲ್ಲಿ ಕಣ್ಣು ಅದನ್ನು ಗುರುತಿಸುವುದಿಲ್ಲ, ಹೊಟ್ಟೆಯೊಳಗೆ ಮಾತ್ರ ಸಂಕಟವಾಗುತ್ತದೆ.

ಪರದೆಯಾಚೆ:

ಚಲನೆಯ ಬಗ್ಗೆ ಇಷ್ಟು ಮಾತಾಯಿತು, ಬೆಳಕು ಮತ್ತು ಬಣ್ಣದ ಬಗ್ಗೆ ಕಡಿಮೆಯಾಯಿತು. ಆ ಕಾರಣಕ್ಕೆ 1993ರ ‘ದಿ ಏಜ್ ಆಫ್ ಇನೊಸೆನ್ಸ್’ ಪಟ್ಟಿಯಲ್ಲಿ ಇರಲೇಬೇಕು ಎನ್ನುತ್ತೇನೆ. 1870ರ ದಶಕದ ನ್ಯೂಯಾರ್ಕಿನ ಸಿರಿವಂತ ಸಮಾಜ; ಯಾರೂ ಮನಸ್ಸಿನಲ್ಲಿರುವುದನ್ನು ಬಾಯಿಬಿಟ್ಟು ಆಡುವಂತಿಲ್ಲ. ಆದ್ದರಿಂದ ಆಡದ ಮಾತನ್ನೆಲ್ಲ ಊಟದ ಮೇಜಿನ ಬೆಳ್ಳಿಯ ಮೇಲೆ, ಹಳದಿ ಗುಲಾಬಿಗಳ ಮೇಲೆ, ಅಗ್ಗಿಷ್ಟಿಕೆಯ ಬೆಳಕಿನ ಮೇಲೆ ಹೊರಿಸಬೇಕಾಗುತ್ತದೆ. ದೃಶ್ಯಗಳು ಕಪ್ಪಿಗೆ ಕರಗುವ ಬದಲು ಕೆಂಪಿಗೆ, ಹಳದಿಗೆ ಕರಗುತ್ತವೆ. ನಾಟಕಶಾಲೆಯಲ್ಲಿ ನ್ಯೂಲ್ಯಾಂಡ್ ಆರ್ಚರ್ ಮತ್ತು ಎಲೆನ್ ಮಾತಿಗಿಳಿದಾಗ ಸುತ್ತಲಿನ ಜನರೆಲ್ಲ ಕತ್ತಲಾಗಿ, ಅವರಿಬ್ಬರ ಮೇಲೆ ಮಾತ್ರ ಬೆಳಕು ಉಳಿದು, ಸಭೆಯ ಸದ್ದು ಅಡಗುವ ದೃಶ್ಯ ನೇರವಾಗಿ ರಂಗಭೂಮಿಯ ವ್ಯಾಕರಣ. ನಟರ ಮನೆಯ ಮಗನಿಗೆ ಅದನ್ನು ಯಾರೂ ಹೇಳಿಕೊಡಬೇಕಾಗಿರಲಿಲ್ಲ.

ಇದರ ಜೋಡಿಯಾಗಿ 1979ರ ‘ದಿ ಮ್ಯಾರೇಜ್ ಆಫ್ ಮಾರಿಯಾ ಬ್ರೌನ್’ ಇಡಬೇಕೆಂಬುದು ನನ್ನ ಕೋರಿಕೆ. ಬಾಂಬು ಬಿದ್ದ ಊರಿನ ಮಾಸಲು ಕಂದು ಬಣ್ಣಗಳಿಂದ ಶುರುವಾಗಿ, ಮಾರಿಯಾಳ ಕೈಯಲ್ಲಿ ಹಣ ಸೇರುತ್ತ ಹೋದಂತೆ ಕೋಣೆಗಳು ತುಂಬುತ್ತವೆ, ಗಾಜು ಹೊಳೆಯುತ್ತದೆ, ಮನುಷ್ಯರ ನಡುವಿನ ಅಂತರವೂ ಅಷ್ಟೇ ಹೆಚ್ಚುತ್ತದೆ. ನಾಯಕಿ ಹಾನ್ನಾ ಶಿಗುಲ್ಲ ಅವರಿಗೆ ಬರ್ಲಿನ್ ಚಲನಚಿತ್ರೋತ್ಸವದ ಬೆಳ್ಳಿ ಕರಡಿ ಪ್ರಶಸ್ತಿ ತಂದುಕೊಟ್ಟ ಚಿತ್ರ. ಫಾಸ್‌ಬಿಂಡರ್ ಜೊತೆ ಬಾಲ್‌ಹೌಸ್ ಮಾಡಿದ ಕೊನೆಯ ಚಿತ್ರವೂ ಹೌದು. ಹಗಲಿರುಳೆನ್ನದೆ ದುಡಿದು ಸುತ್ತಲಿನವರನ್ನೂ ದಣಿಸುತ್ತಿದ್ದ ನಿರ್ದೇಶಕರ ಬಳಿ ಒಂಬತ್ತು ವರ್ಷ ಕಳೆದು, ಅವರ ಅತ್ಯಂತ ದೊಡ್ಡ ಯಶಸ್ಸಿನ ಹೊಸ್ತಿಲಲ್ಲಿ ಬಾಲ್‌ಹೌಸ್ ಹೊರಬಂದರು. ‘ಬರ್ಲಿನ್ ಅಲೆಕ್ಸಾಂಡರ್‌ಪ್ಲಾಟ್ಸ್’ ಮತ್ತು ಅದರ ನಂತರದ ಚಿತ್ರಗಳು ಕ್ಸೇವರ್ ಶ್ವಾರ್ಟ್ಸೆನ್‌ಬೆರ್ಗರ್ ಅವರ ಕೆಲಸ. 1982ರ ಜೂನ್‌ನಲ್ಲಿ ಫಾಸ್‌ಬಿಂಡರ್ ತೀರಿಕೊಂಡಾಗ ವಯಸ್ಸು ಬರೀ 37.

ಒಂದು ಎಚ್ಚರಿಕೆಯ ಮಾತು: ಪರಿಚಯ ಪತ್ರ ಬರೆಯುವವರು ‘ಅಲಿ: ಫಿಯರ್ ಈಟ್ಸ್ ದಿ ಸೋಲ್’, ‘ಎಫಿ ಬ್ರೀಸ್ಟ್’ ಚಿತ್ರಗಳನ್ನು ಬಾಲ್‌ಹೌಸ್ ಲೆಕ್ಕಕ್ಕೆ ಸೇರಿಸಬೇಡಿ. ಅವುಗಳ ಛಾಯಾಗ್ರಾಹಕರು ಬೇರೆ.

ಕಾಜಾಣ:

‘ದಿ ಡಿಪಾರ್ಟೆಡ್’ ಬಿಡುವುದು ಸರಿಯೇ? ಸ್ಕಾರ್ಸೆಸಿ ಅವರಿಗೆ ಆಸ್ಕರ್ ತಂದ ಚಿತ್ರ. ಬಾಲ್‌ಹೌಸ್ ಅವರಿಗೆ ಕಣ್ಣಿನ ತೊಂದರೆಯಿತ್ತು ಎಂದೂ ಓದಿದ್ದೆ.

ತುಂಗಾತೀರ:

‘ದಿ ಡಿಪಾರ್ಟೆಡ್’ 2006ರದ್ದು, ಅಮೆರಿಕದಲ್ಲಿ ಅವರ ಕೊನೆಯ ದೊಡ್ಡ ಚಿತ್ರ. ಆ ವರ್ಷವೇ ಅವರ ಪತ್ನಿ ಹೆಲ್ಗಾ ತೀರಿಕೊಂಡರು. ಅನಂತರ ಬಾಲ್‌ಹೌಸ್ ಬರ್ಲಿನ್‌ಗೆ ಹಿಂದಿರುಗಿದರು. 2013ರಲ್ಲಿ ತಮ್ಮ ಎರಡನೆಯ ಪತ್ನಿ ಶೆರ್ರಿ ಹೋರ್ಮನ್ ನಿರ್ದೇಶಿಸಿದ ‘3096 ಡೇಸ್’ ಚಿತ್ರಕ್ಕೆ ಛಾಯಾಗ್ರಹಣ ಮಾಡಿದರು. ನೆಲಮಾಳಿಗೆಯ ಇಕ್ಕಟ್ಟಾದ ಕೋಣೆಯೊಂದರಲ್ಲಿ ವರ್ಷಗಟ್ಟಲೆ ಬಂಧಿಯಾಗಿದ್ದ ಹುಡುಗಿಯ ಕಥೆ ಅದು. 2014ರಲ್ಲಿ ಹೊರಬಂದ ಆತ್ಮಕಥೆಯಲ್ಲಿ, ಗ್ಲಾಕೋಮಾದಿಂದ ದೃಷ್ಟಿ ಕಳೆದುಕೊಳ್ಳುತ್ತಿರುವುದನ್ನು ತಾವೇ ತಿಳಿಸಿದರು. 2016ರಲ್ಲಿ ಬರ್ಲಿನ್ ಉತ್ಸವ ಅವರಿಗೆ ಗೌರವ ಚಿನ್ನದ ಕರಡಿಯನ್ನು ಕೊಟ್ಟಿತು. ಮಗ ಫ್ಲೋರಿಯಾನ್ ತಂದೆಯ ಕ್ಯಾಮೆರಾ ಸಹಾಯಕನಾಗಿ ದುಡಿದು, ಈಗ ತಾನೇ ಹೆಸರಾಂತ ಛಾಯಾಗ್ರಾಹಕ.

ಕಾಜಾಣ ಅವರೇ, ದೃಷ್ಟಿ ಕಳೆದುಕೊಂಡ ಛಾಯಾಗ್ರಾಹಕ ಎಂಬ ಸಂಗತಿಯನ್ನು ಚಿತ್ರಮಾಲಿಕೆಯ ಆಹ್ವಾನಪತ್ರದ ತಲೆಬರಹ ಮಾಡಬಾರದೆಂದು ನನ್ನ ವಿನಂತಿ. ಅದು ಅವರ ಬದುಕಿನ ಕೊನೆಯ ವರ್ಷಗಳ ನೋವು. ನಾವು ನೋಡಹೊರಟಿರುವುದು ಅದಕ್ಕೆ ಮೊದಲಿನ ನಲವತ್ತು ವರ್ಷ ಆ ಕಣ್ಣುಗಳು ಏನನ್ನು ಕಂಡವು ಎಂಬುದನ್ನು.

ಬೆಳಕಿಂಡಿ:

ಎಲ್ಲರಿಗೂ ಕೃತಜ್ಞತೆಗಳು. ವರ್ಷಗಳ ಕ್ರಮವನ್ನು ಬಿಟ್ಟು, ಇಲ್ಲಿ ಸೂಚಿಸಿದಂತೆ ಜೋಡಿಗಳಾಗಿ ತೋರಿಸಲು ನಿರ್ಧರಿಸಿದ್ದೇನೆ. ಮೊದಲ ವಾರ ‘ಮಾರ್ಥಾ’ ಮತ್ತು ‘ಬೇಕರ್ ಬಾಯ್ಸ್’. ಎರಡನೆಯ ವಾರ ‘ಪೆಟ್ರಾ ಫಾನ್ ಕಾಂಟ್’ ಮತ್ತು ‘ಆಫ್ಟರ್ ಅವರ್ಸ್’. ಮೂರನೆಯ ವಾರ ‘ಚೈನೀಸ್ ರೂಲೆಟ್’ ಮತ್ತು ‘ಗುಡ್‌ಫೆಲ್ಲಾಸ್’. ನಾಲ್ಕನೆಯ ವಾರ ‘ಮಾರಿಯಾ ಬ್ರೌನ್’ ಮತ್ತು ‘ದಿ ಏಜ್ ಆಫ್ ಇನೊಸೆನ್ಸ್’. ‘ಡ್ರಾಕುಲಾ’ಕ್ಕೆ ಈ ಸಲ ಜಾಗ ಸಿಗಲಿಲ್ಲ. ಹಳೆ ಪ್ರೊಜೆಕ್ಟರ್ ಅವರು ಒಪ್ಪುವುದಾದರೆ, ಅದನ್ನು ‘ನೋಸ್‌ಫೆರಾಟು’ ಜೊತೆಗೆ ಪ್ರತ್ಯೇಕವಾಗಿ ತೋರಿಸಿ, ಅವರಿಂದಲೇ ಮಾತನಾಡಿಸಬೇಕೆಂದಿದ್ದೇನೆ. ‘ದಿ ಡಿಪಾರ್ಟೆಡ್’ ಎಲ್ಲರಿಗೂ ಸುಲಭವಾಗಿ ಸಿಗುವ ಚಿತ್ರವಾದ್ದರಿಂದ ಮನೆಯಲ್ಲೇ ನೋಡಿಕೊಳ್ಳಬಹುದು.

ಮೂರನೆಯ ವಾರದ ಜೋಡಿಯನ್ನು ಯಾರೂ ನೇರವಾಗಿ ಸೂಚಿಸಲಿಲ್ಲ, ನನ್ನ ಆಯ್ಕೆ ಅದು. ಒಂದರಲ್ಲಿ ಕ್ಯಾಮೆರಾ ಮುಚ್ಚಿದ ಮನೆಯೊಳಗೆ ಸುಳ್ಳುಗಳ ನಡುವೆ ನುಸುಳುತ್ತದೆ, ಇನ್ನೊಂದರಲ್ಲಿ ತೆರೆದ ಬಾಗಿಲುಗಳನ್ನು ದಾಟುತ್ತ ಒಬ್ಬ ಹುಡುಗಿಯನ್ನು ಇನ್ನೊಂದು ಬಗೆಯ ಸುಳ್ಳಿನೊಳಗೆ ಕರೆದೊಯ್ಯುತ್ತದೆ. ಆಕ್ಷೇಪವಿದ್ದರೆ ತಿಳಿಸಿ.

ಹಳೆ ಪ್ರೊಜೆಕ್ಟರ್:

ಆಕ್ಷೇಪವಿಲ್ಲ, ‘ಡ್ರಾಕುಲಾ’ ಕುರಿತು ಸಂತೋಷದಿಂದ ಮಾತನಾಡುತ್ತೇನೆ. ಒಂದು ತಾಂತ್ರಿಕ ಸೂಚನೆ ಮಾತ್ರ ಇದೆ. ‘ಮಾರ್ಥಾ’ವನ್ನು ಟೆಲಿವಿಷನ್ನಿಗಾಗಿ 16 ಎಂಎಂ ಫಿಲ್ಮಿನಲ್ಲಿ, ಹೆಚ್ಚುಕಡಿಮೆ ಚೌಕಾಕಾರದ 1.33 ಅನುಪಾತದಲ್ಲಿ ತೆಗೆಯಲಾಗಿದೆ. ನಮ್ಮ ಪ್ರೊಜೆಕ್ಟರ್ ಚಿತ್ರವನ್ನು ತಾನಾಗಿ ಪರದೆಯ ಅಗಲಕ್ಕೆ ಹಿಗ್ಗಿಸುವಂತೆ ಹೊಂದಿಸಲ್ಪಟ್ಟಿದ್ದರೆ ಅದನ್ನು ಮೊದಲೇ ತೆಗೆದುಹಾಕಿ. ಹಿಗ್ಗಿಸಿದರೆ ರಾಯಭಾರ ಕಚೇರಿಯ ಅಂಗಳದ ಆ ವೃತ್ತ ಅಂಡಾಕಾರವಾಗುತ್ತದೆ, ಮುಖಗಳು ಚಪ್ಪಟೆಯಾಗುತ್ತವೆ. ಪ್ರದರ್ಶನದ ಹಿಂದಿನ ಸಂಜೆ ಬಂದು ನಾನೇ ಪರೀಕ್ಷಿಸಿಕೊಡುತ್ತೇನೆ.